ಹೇಳಲಾಗದ್ದನ್ನು ತೋರಿಸಿದ ವಾಯ್ದಾ

1943ರ ಏಪ್ರಿಲ್ 13ರಂದು ಬರ್ಲಿನ್ ರೇಡಿಯೊ ಒಂದು ಸುದ್ದಿಯನ್ನು ಬಿತ್ತರಿಸಿತು. ರಷ್ಯಾದ ಸ್ಮೊಲೆನ್‌ಸ್ಕ್ ನಗರದ ಬಳಿ, ಕಟೀನ್ ಎಂಬ ಕಾಡಿನಲ್ಲಿ, ಪೋಲೆಂಡಿನ ಸಾವಿರಾರು ಸೇನಾಧಿಕಾರಿಗಳ ಶವಗಳು ಸಿಕ್ಕಿವೆ. ತಲೆಯ ಹಿಂಬದಿಗೆ ಗುಂಡಿಟ್ಟು ಅವರನ್ನು ಕೊಲ್ಲಲಾಗಿದೆ ಎಂಬುದು ಆ ಸುದ್ದಿ. ಜರ್ಮನರ ವಶದಲ್ಲಿದ್ದ ಪೋಲೆಂಡಿನಲ್ಲಿ ಸತ್ತವರ ಹೆಸರುಗಳ ಪಟ್ಟಿ ಪ್ರಕಟವಾಗತೊಡಗಿತು. ಯುದ್ಧಕ್ಕೆ ಹೋದ ಗಂಡನ, ಮಗನ, ತಂದೆಯ ಹೆಸರನ್ನು ಮನೆಮನೆಗಳಲ್ಲಿ ಜನ ಅದರಲ್ಲಿ ಹುಡುಕಿದರು. ವಾಯ್ದಾ ಎಂಬ ಕುಟುಂಬಕ್ಕೆ ಆ ಪಟ್ಟಿಯಲ್ಲಿ ತಮ್ಮದೇ ಮನೆತನದ ಹೆಸರಿನ ಒಬ್ಬ ಕ್ಯಾಪ್ಟನ್ ಸಿಕ್ಕ. ಆದರೆ ಮೊದಲ ಹೆಸರು ಯಾಕುಬ್ ಅಲ್ಲ, ಕರೋಲ್. ಮನೆಯೊಡತಿಗೆ ಅಷ್ಟು ಸಾಕಾಯಿತು. ತನ್ನ ಗಂಡ ಎಲ್ಲೋ ಬದುಕಿದ್ದಾನೆ ಎಂದು ಆಕೆ ನಂಬಿದಳು. 1950ರಲ್ಲಿ ಕಣ್ಣುಮುಚ್ಚುವವರೆಗೂ ಕಾದಳು.

ಆಗ ಆ ಮನೆಯಲ್ಲಿದ್ದ ಹದಿನೇಳು ವರ್ಷದ ಹುಡುಗನೇ ಮುಂದೆ ಪೋಲೆಂಡಿನ ಅತ್ಯಂತ ಪ್ರಸಿದ್ಧ ಚಲನಚಿತ್ರ ನಿರ್ದೇಶಕನಾದ ಆಂದ್ಜೆಯ್ ವಾಯ್ದಾ. ಅವರ ತಂದೆ ಕ್ಯಾಪ್ಟನ್ ಯಾಕುಬ್ ವಾಯ್ದಾರನ್ನು 1940ರ ವಸಂತದಲ್ಲೇ ಸೋವಿಯತ್ ಗುಪ್ತ ಪೊಲೀಸರು ಕೊಂದಿದ್ದರು. ಕೊಂದದ್ದು ಕಟೀನ್‌ನಲ್ಲಲ್ಲ, ಉಕ್ರೇನಿನ ಖಾರ್ಕಿವ್‌ನಲ್ಲಿ. ಸ್ಟಾಲಿನ್ ಆಜ್ಞೆಯಂತೆ ಹೀಗೆ ಬೇರೆ ಬೇರೆ ಕಡೆ ಪ್ರಾಣ ತೆತ್ತ ಪೋಲಿಷ್ ಸೇನಾಧಿಕಾರಿಗಳು, ಪೊಲೀಸರು, ವೈದ್ಯರು, ಶಿಕ್ಷಕರ ಸಂಖ್ಯೆ ಸುಮಾರು 22,000.

ಕೊಲೆಗಿಂತ ಕೊಲೆಯ ನಂತರದ ಸುಳ್ಳು ದೀರ್ಘವಾಗಿತ್ತು. ಇದು ಜರ್ಮನರ ಕೃತ್ಯ ಎಂದು ಸೋವಿಯತ್ ಸರ್ಕಾರ ಘೋಷಿಸಿತು. ಯುದ್ಧ ಮುಗಿದು ಪೋಲೆಂಡ್ ಕಮ್ಯುನಿಸ್ಟ್ ಆಳ್ವಿಕೆಗೆ ಬಂದ ಮೇಲೆ ಅದೇ ಅಧಿಕೃತ ಸತ್ಯವಾಯಿತು. ನಿಜ ಗೊತ್ತಿದ್ದವರು ಬಾಯಿ ಬಿಡುವಂತಿರಲಿಲ್ಲ. ಸುಮಾರು ಅರ್ಧ ಶತಮಾನ ಕಾಲ ವಾಯ್ದಾ ತಮ್ಮ ಮನೆಯ ಅತಿ ದೊಡ್ಡ ಸತ್ಯವನ್ನು ತೆರೆಯ ಮೇಲೆ ತರಲಾಗಲಿಲ್ಲ. ಆ ಕಾಲದಲ್ಲಿ ಅವರು ಬಹುಮಟ್ಟಿಗೆ ಚಿತ್ರ ಮಾಡಿದ್ದು ಅದೇ ಸರ್ಕಾರದ ಹಣದಲ್ಲಿ, ಅದೇ ಸರ್ಕಾರದ ಅನುಮತಿಯಿಂದ. ಅವರ ವೃತ್ತಿಜೀವನ ಕುತೂಹಲ ಹುಟ್ಟಿಸುವುದು ಇದೇ ಕಾರಣಕ್ಕೆ. ಮಾತಿನಲ್ಲಿ ಹೇಳಲಾಗದ್ದನ್ನು ಚಿತ್ರದಲ್ಲಿ ತೋರಿಸುವ ವಿದ್ಯೆಯನ್ನು ಅವರು ಕಲಿಯಬೇಕಾಯಿತು.

ಅವರು ಹುಟ್ಟಿದ್ದು 1926ರ ಮಾರ್ಚ್ 6ರಂದು, ಈಶಾನ್ಯ ಪೋಲೆಂಡಿನ ಸುವಾಲ್ಕಿಯಲ್ಲಿ. ಯುದ್ಧಕಾಲದಲ್ಲಿ ಭೂಗತ ಸೇನೆಗೆ ಸೇರಿದ್ದರು. ಯುದ್ಧ ಮುಗಿದಾಗ ಅವರಿಗೆ ಬೇಕಾಗಿದ್ದದ್ದು ಚಿತ್ರಕಲೆ; ಕ್ರಾಕೋವ್‌ನ ಲಲಿತಕಲಾ ಅಕಾಡೆಮಿಯಲ್ಲಿ ಮೂರು ವರ್ಷ ಓದಿದರು. ನಂತರ ಅದನ್ನು ಬಿಟ್ಟು ಲೋಡ್ಜ್ ನಗರದ ಹೊಸ ಸಿನಿಮಾ ಶಾಲೆಗೆ ಹೋದರು. ಅವರೊಳಗಿನ ಚಿತ್ರಕಾರ ಮಾತ್ರ ಕೊನೆಯವರೆಗೂ ಉಳಿದ.

ಆ ಕಾಲದ ಪೋಲಿಷ್ ಸಿನಿಮಾ ವ್ಯವಸ್ಥೆಯನ್ನು ಸ್ವಲ್ಪ ತಿಳಿದರೆ ವಾಯ್ದಾ ಎದುರಿಸಿದ ಸಮಸ್ಯೆ ಸ್ಪಷ್ಟವಾಗುತ್ತದೆ. ಅಲ್ಲಿ ಖಾಸಗಿ ನಿರ್ಮಾಪಕರಿರಲಿಲ್ಲ. ನಿರ್ದೇಶಕರ ಚಿಕ್ಕ ಚಿಕ್ಕ ತಂಡಗಳಿಗೆ ಸರ್ಕಾರವೇ ಹಣ ಕೊಡುತ್ತಿತ್ತು. ಹೀಗಾಗಿ ಗಲ್ಲಾಪೆಟ್ಟಿಗೆಯ ಹೆದರಿಕೆ ಕಡಿಮೆ. ಆದರೆ ಕಾವಲು ಎರಡು ಕಡೆ ಇರುತ್ತಿತ್ತು. ಮೊದಲು ಚಿತ್ರಕಥೆಯನ್ನು ಅಧಿಕಾರಿಗಳು ಓದಿ ಒಪ್ಪಬೇಕು. ಆಮೇಲೆ ಸಿದ್ಧವಾದ ಚಿತ್ರವನ್ನು ನೋಡಿ ಒಪ್ಪಬೇಕು. ಕಾಗದದ ಮೇಲಿನ ಸಂಭಾಷಣೆಯನ್ನು ಕೆಂಪು ಪೆನ್ಸಿಲ್ಲಿನಿಂದ ಹೊಡೆದುಹಾಕುವುದು ಸುಲಭ. ನಟನ ನಡಿಗೆಯನ್ನು, ಒಂದು ನೋಟವನ್ನು, ಎರಡು ದೃಶ್ಯಗಳ ನಡುವೆ ಹುಟ್ಟುವ ಅರ್ಥವನ್ನು ಹೊಡೆದುಹಾಕುವುದು ಹೇಗೆ? ವಾಯ್ದಾ ನಡೆದದ್ದು ಈ ಸಂದಿನಲ್ಲಿ.

1955ರ ಮೊದಲ ಚಿತ್ರ 'ಒಂದು ಪೀಳಿಗೆ' ಬಹುಮಟ್ಟಿಗೆ ಸರ್ಕಾರ ಒಪ್ಪುವ ಕಥೆಯನ್ನೇ ಹೇಳಿತು. ಎರಡನೆಯದು 'ಕನಾಲ್' (1957). 1944ರಲ್ಲಿ ವಾರ್ಸಾ ನಗರ ಜರ್ಮನರ ವಿರುದ್ಧ ದಂಗೆಯೆದ್ದು 63 ದಿನ ಹೋರಾಡಿ ಸೋತಿತು. ದಂಗೆಕೋರರ ಒಂದು ತುಕಡಿ ತಪ್ಪಿಸಿಕೊಳ್ಳಲು ಒಳಚರಂಡಿಗೆ ಇಳಿಯುತ್ತದೆ. ಕತ್ತಲು, ಹೊಲಸು, ವಿಷವಾಯುವಿನ ನಡುವೆ ಒಬ್ಬೊಬ್ಬರೇ ದಾರಿ ತಪ್ಪುತ್ತಾರೆ. ಗಾಯಾಳು ಯುವಕ ಮತ್ತು ಅವನನ್ನು ಹೊತ್ತು ನಡೆಸುವ ಹುಡುಗಿ ಕೊನೆಗೆ ಬೆಳಕು ಕಂಡು ನದಿಯ ಕಡೆಯ ಬಾಯಿಗೆ ಬರುತ್ತಾರೆ. ಅಲ್ಲಿ ಕಬ್ಬಿಣದ ಸರಳುಗಳು ದಾರಿ ಮುಚ್ಚಿವೆ. ಸರಳುಗಳಾಚೆ ವಿಸ್ಟುಲಾ ನದಿ, ಅದರಾಚೆ ಹಸಿರು ದಡ. ಅಷ್ಟೇ. ಸಂಭಾಷಣೆಯಲ್ಲಿ ಆಕ್ಷೇಪಿಸುವಂಥದ್ದು ಏನೂ ಇಲ್ಲ. ಆದರೆ ವಾರ್ಸಾ ಉರಿಯುವಾಗ ಸೋವಿಯತ್ ಸೇನೆ ಆಚೆ ದಡದವರೆಗೂ ಬಂದು ನಿಂತಿತ್ತು, ನಗರವನ್ನು ಉಳಿಸಲಿಲ್ಲ ಎಂಬುದು ಪ್ರತಿಯೊಬ್ಬ ಪೋಲಿಷ್ ಪ್ರೇಕ್ಷಕನಿಗೂ ಗೊತ್ತಿತ್ತು. ಆ ದಡವನ್ನು ತೋರಿಸಿದ್ದೇ ಸಾಕಾಯಿತು; ಉಳಿದದ್ದನ್ನು ಪ್ರೇಕ್ಷಕನೇ ತುಂಬಿಕೊಂಡ. ಚಿತ್ರಕ್ಕೆ ಕಾನ್ ಉತ್ಸವದಲ್ಲಿ ತೀರ್ಪುಗಾರರ ವಿಶೇಷ ಪ್ರಶಸ್ತಿ ಬಂತು. ಆ ಪ್ರಶಸ್ತಿಯನ್ನು ಹಂಚಿಕೊಂಡ ಇನ್ನೊಂದು ಚಿತ್ರ ಇಂಗ್ಮರ್ ಬರ್ಗ್‌ಮನ್‌ರ 'ದಿ ಸೆವೆಂತ್ ಸೀಲ್'.

ಮರುವರ್ಷದ 'ಬೂದಿ ಮತ್ತು ವಜ್ರ' ಇನ್ನಷ್ಟು ಸೂಕ್ಷ್ಮ. ಯುದ್ಧ ಮುಗಿಯುವ ದಿನ, ಕಮ್ಯುನಿಸ್ಟ್ ಪಕ್ಷದ ನಾಯಕನೊಬ್ಬನನ್ನು ಕೊಲ್ಲಲು ನೇಮಕಗೊಂಡ ಭೂಗತ ಸೈನಿಕ ಮಾಚೆಕ್‌ನ ಕಥೆ ಇದು. ಕೊಲೆ ಮಾಡಿದ ಅವನು ತಾನೂ ಗುಂಡು ತಿಂದು ಕಸದ ರಾಶಿಯ ಮೇಲೆ ಒದ್ದಾಡಿ ಸಾಯುತ್ತಾನೆ. ಕ್ರಾಂತಿಯ ವಿರೋಧಿಗೆ ತಕ್ಕ ಶಾಸ್ತಿಯಾಯಿತು ಎಂದು ಅಧಿಕಾರಿಗಳು ಓದಿಕೊಳ್ಳಬಹುದಿತ್ತು. ಆದರೆ ಮಾಚೆಕ್‌ನ ಪಾತ್ರದಲ್ಲಿ ಕಪ್ಪು ಕನ್ನಡಕ ಹಾಕಿಕೊಂಡು ನಿಂತಿದ್ದವನು ಜ್ಬಿಗ್ನೆವ್ ತ್ಸಿಬುಲ್ಸ್ಕಿ ಎಂಬ ಅದ್ಭುತ ನಟ. ಬಾರಿನ ಕಟ್ಟೆಯ ಮೇಲೆ ಮದ್ಯದ ಲೋಟಗಳನ್ನು ಸಾಲಾಗಿಟ್ಟು, ಸತ್ತ ಗೆಳೆಯರ ನೆನಪಿಗೆ ಒಂದೊಂದಕ್ಕೂ ಅವನು ದೀಪದಂತೆ ಬೆಂಕಿ ಹಚ್ಚುವ ದೃಶ್ಯವನ್ನು ನೋಡಿದವರು ಮರೆಯಲಾರರು. ಪ್ರೇಕ್ಷಕರು ಅತ್ತದ್ದು ಮಾಚೆಕ್‌ಗಾಗಿ. ಇಂಥ ಹುಡುಗನನ್ನು ಕಸದ ಗುಂಡಿಗೆ ತಳ್ಳಿದ ಕಾಲ ಎಂಥದ್ದು ಎಂಬ ಪ್ರಶ್ನೆ ಅವರಲ್ಲೇ ಹುಟ್ಟಿತು.

ಎಲ್ಲ ಸಲವೂ ಸಂದು ಸಿಗುತ್ತಿರಲಿಲ್ಲ. 'ಅಮೃತಶಿಲೆಯ ಮನುಷ್ಯ'ದ ಚಿತ್ರಕಥೆ 1960ರ ದಶಕದ ಆರಂಭದಲ್ಲೇ ಸಿದ್ಧವಿದ್ದರೂ ಚಿತ್ರೀಕರಣಕ್ಕೆ ಅನುಮತಿ ಸಿಕ್ಕಿದ್ದು ಹತ್ತು ವರ್ಷಕ್ಕೂ ಮೀರಿದ ಕಾಯುವಿಕೆಯ ನಂತರ. ಬಿರ್ಕುಟ್ ಎಂಬ ಗಾರೆ ಕೆಲಸದವನು ದಾಖಲೆ ವೇಗದಲ್ಲಿ ಇಟ್ಟಿಗೆ ಕಟ್ಟಿ 1950ರ ದಶಕದಲ್ಲಿ ಸರ್ಕಾರದ 'ಆದರ್ಶ ಕಾರ್ಮಿಕ'ನಾಗುತ್ತಾನೆ. ಅವನ ಶಿಲಾಪ್ರತಿಮೆ ಎದ್ದೇಳುತ್ತದೆ. ಒಂದು ದಿನ ಯಾರೋ ಕಾಯಿಸಿದ ಇಟ್ಟಿಗೆ ಕೊಟ್ಟು ಅವನ ಕೈ ಸುಡುತ್ತಾರೆ. ಅನ್ಯಾಯವನ್ನು ಪ್ರಶ್ನಿಸಿದಾಗ ಅವನು ಮಾಯವಾಗುತ್ತಾನೆ, ಪ್ರತಿಮೆ ಉಗ್ರಾಣ ಸೇರುತ್ತದೆ. ದಶಕಗಳ ನಂತರ ಸಿನಿಮಾ ವಿದ್ಯಾರ್ಥಿನಿಯೊಬ್ಬಳು ಅವನ ಜಾಡು ಹಿಡಿದು ಹೊರಡುತ್ತಾಳೆ. 1977ರಲ್ಲಿ ತೆರೆಕಂಡ ಈ ಚಿತ್ರದಿಂದ ಕೊನೆಯ ಒಂದು ದೃಶ್ಯವನ್ನು ಕತ್ತರಿಸಲಾಯಿತು. ಆ ಹುಡುಗಿ ಗ್ದಾನ್‌ಸ್ಕ್‌ನ ಸ್ಮಶಾನದಲ್ಲಿ ಬಿರ್ಕುಟ್‌ನ ಸಮಾಧಿ ಹುಡುಕುವ ದೃಶ್ಯವದು. 1970ರ ಡಿಸೆಂಬರಿನಲ್ಲಿ ಆ ಕರಾವಳಿ ನಗರಗಳಲ್ಲಿ ಬೆಲೆಯೇರಿಕೆ ವಿರುದ್ಧ ಬೀದಿಗಿಳಿದ ಕಾರ್ಮಿಕರ ಮೇಲೆ ಗುಂಡು ಹಾರಿಸಿ 40ಕ್ಕೂ ಹೆಚ್ಚು ಜನರನ್ನು ಕೊಲ್ಲಲಾಗಿತ್ತು. ಸ್ಮಶಾನವನ್ನು ತೋರಿಸಿದರೆ ಅದನ್ನೂ ಹೇಳಿದಂತಾಗುತ್ತಿತ್ತು.

ಕತ್ತರಿಸಿದ ಆ ದೃಶ್ಯ ವ್ಯರ್ಥವಾಗಲಿಲ್ಲ. 1980ರ ಆಗಸ್ಟಿನಲ್ಲಿ ಗ್ದಾನ್‌ಸ್ಕ್‌ನ ಹಡಗು ಕಾರ್ಖಾನೆಯಲ್ಲಿ ಮುಷ್ಕರ ನಡೆದಿದ್ದಾಗ ವಾಯ್ದಾ ಅಲ್ಲಿಗೆ ಹೋದರು. ನಮ್ಮ ಮೇಲೂ ಒಂದು ಚಿತ್ರ ಮಾಡಿ, ಅದಕ್ಕೆ 'ಕಬ್ಬಿಣದ ಮನುಷ್ಯ' ಎಂದು ಹೆಸರಿಡಿ ಎಂದು ಕಾರ್ಮಿಕನೊಬ್ಬ ಸೂಚಿಸಿದ. ಬಿರ್ಕುಟ್‌ನ ಮಗನ ಕಥೆಯಾಗಿ ಆ ಚಿತ್ರ ಕೆಲವೇ ತಿಂಗಳಲ್ಲಿ ಸಿದ್ಧವಾಯಿತು. ಮುಷ್ಕರದ ನಾಯಕ ಲೆಖ್ ವಲೆನ್ಸಾ ಅದರಲ್ಲಿ ತಾವಾಗಿಯೇ ಕಾಣಿಸಿಕೊಂಡರು. ಹಿಂದೆ ಕತ್ತರಿಸಿದ್ದ ಸ್ಮಶಾನದ ದೃಶ್ಯ ಇಲ್ಲಿ ತನ್ನ ಜಾಗ ಪಡೆಯಿತು. 1981ರ ಮೇ ತಿಂಗಳಲ್ಲಿ ಕಾನ್‌ನ ಅತ್ಯುನ್ನತ ಪ್ರಶಸ್ತಿ ಬಂತು. ಅದೇ ವರ್ಷ ಡಿಸೆಂಬರ್ 13ರಂದು ಪೋಲೆಂಡಿನಲ್ಲಿ ಸೇನಾಡಳಿತ ಹೇರಲಾಯಿತು. ವಾಯ್ದಾ ಫ್ರಾನ್ಸ್‌ನಲ್ಲಿ 'ದಾಂತೋನ್' (1983) ಮಾಡಿದರು. ಅದೇ ವರ್ಷ ಪೋಲೆಂಡಿನಲ್ಲಿ ಅವರ ಮುಂದಾಳತ್ವದ ಚಿತ್ರತಂಡವನ್ನು ಸರ್ಕಾರ ವಿಸರ್ಜಿಸಿತು.

1989ರಲ್ಲಿ ವ್ಯವಸ್ಥೆಯೇ ಕುಸಿಯಿತು. ವಾಯ್ದಾ ಚುನಾವಣೆಗೆ ನಿಂತು ಗೆದ್ದು ಎರಡು ವರ್ಷ ಸೆನೆಟ್ ಸದಸ್ಯರಾಗಿದ್ದರು. 1990ರ ಏಪ್ರಿಲ್‌ನಲ್ಲಿ ಗೊರ್ಬಚೆವ್ ಸರ್ಕಾರ ಕಟೀನ್ ಕೊಲೆಗಳ ಹೊಣೆ ಸೋವಿಯತ್ ಗುಪ್ತ ಪೊಲೀಸರದೆಂದು ಒಪ್ಪಿಕೊಂಡಿತು. 1940ರ ಮಾರ್ಚ್ 5ರ ಆಜ್ಞೆಯ ದಾಖಲೆ 1992ರಲ್ಲಿ ಹೊರಬಂತು. ಈಗ ಬಾಯಿ ಮುಚ್ಚಿಸುವವರಿರಲಿಲ್ಲ. ಆದರೂ ವಾಯ್ದಾ ಹದಿನೈದು ವರ್ಷ ತಡೆದರು. ಸೆನ್ಸಾರ್ ಇದ್ದಾಗ ಪ್ರೇಕ್ಷಕ ಮತ್ತು ನಿರ್ದೇಶಕನ ನಡುವೆ ಇದ್ದ ಗುಟ್ಟಿನ ಭಾಷೆ ಸ್ವಾತಂತ್ರ್ಯ ಬಂದಾಗ ಕೆಲಸಕ್ಕೆ ಬಾರದಾಗಿತ್ತು; ಹೊಸ ಪ್ರೇಕ್ಷಕರು ಹಾಲಿವುಡ್ ಕಡೆ ಹೊರಳಿದ್ದರು. ಎಲ್ಲವನ್ನೂ ಹೇಳಬಹುದಾದಾಗ ಹೇಗೆ ಹೇಳಬೇಕೆಂಬುದೇ ಕಷ್ಟದ ಪ್ರಶ್ನೆಯಾಗಿತ್ತು.

'ಕಟೀನ್' ಮೊದಲ ಪ್ರದರ್ಶನ ಕಂಡದ್ದು 2007ರ ಸೆಪ್ಟೆಂಬರ್ 17ರಂದು. 1939ರಲ್ಲಿ ಸೋವಿಯತ್ ಸೇನೆ ಪೋಲೆಂಡಿಗೆ ನುಗ್ಗಿದ ದಿನವೂ ಅದೇ. ಆಗ ವಾಯ್ದಾರಿಗೆ 81 ವರ್ಷ. ಚಿತ್ರದ ಬಹುಭಾಗ ಕೊಲೆಯಾದವರದಲ್ಲ, ಕಾದವರದು: ಹೆಸರಿನ ಪಟ್ಟಿ ಕೇಳುವ ಹೆಂಡತಿ, ಸಮಾಧಿ ಕಲ್ಲಿನ ಮೇಲೆ ನಿಜವಾದ ವರ್ಷ ಕೆತ್ತಿಸಲು ಹೋಗಿ ಶಿಕ್ಷೆಗೆ ಗುರಿಯಾಗುವ ತಂಗಿ. ಆ ಇಸವಿಯೇ ಅಪರಾಧವಾಗಿತ್ತು. 1941 ಎಂದು ಕೆತ್ತಿದರೆ ಕೊಲೆಗಾರರು ಜರ್ಮನರು, 1940 ಎಂದರೆ ಸೋವಿಯತ್ತರು. ಕೊನೆಯ ಭಾಗದಲ್ಲಿ ಮಾತ್ರ ಕೊಲೆಗಳು ಒಂದರ ಹಿಂದೊಂದರಂತೆ, ಕಾರ್ಖಾನೆಯ ಕೆಲಸದಂತೆ ನಡೆಯುತ್ತವೆ. ಇಲ್ಲಿ ಸಂಕೇತವಿಲ್ಲ, ಮರೆಯಿಲ್ಲ. ಬದುಕಿಡೀ ಸೂಚ್ಯವಾಗಿ ಮಾತಾಡಿದ ಕಲಾವಿದ ತಂದೆಯ ಸಾವಿನ ಮುಂದೆ ನೇರವಾಗಿ ನಿಂತರು. ಚಿತ್ರವನ್ನು ತಂದೆತಾಯಿಗೆ ಅರ್ಪಿಸಿದರು. 2010ರ ಏಪ್ರಿಲ್‌ನಲ್ಲಿ ರಷ್ಯಾದ ಸರ್ಕಾರಿ ಟೆಲಿವಿಷನ್ನೇ ಅದನ್ನು ಪ್ರಸಾರ ಮಾಡಿತು.

ವಾಯ್ದಾ 2016ರ ಅಕ್ಟೋಬರ್ 9ರಂದು ತಮ್ಮ 90ನೇ ವಯಸ್ಸಿನಲ್ಲಿ ತೀರಿಕೊಂಡರು. ಅದೇ ವರ್ಷ ಮುಗಿಸಿದ ಅವರ ಕೊನೆಯ ಚಿತ್ರ, ಸರ್ಕಾರ ಹೇಳಿದಂತೆ ಬರೆಯಲೊಪ್ಪದ ಸ್ತ್ಶೆಮಿನ್‌ಸ್ಕಿ ಎಂಬ ಪೋಲಿಷ್ ಚಿತ್ರಕಾರನ ಕೊನೆಯ ದಿನಗಳದು. ಅದರ ಒಂದು ದೃಶ್ಯದಲ್ಲಿ ಸ್ಟಾಲಿನ್ ಮುಖದ ದೊಡ್ಡ ಕೆಂಪು ಬಟ್ಟೆಯನ್ನು ಕಟ್ಟಡದ ಮೇಲೆ ಇಳಿಬಿಡುತ್ತಾರೆ. ಚಿತ್ರಕಾರನ ಕೋಣೆ, ಎದುರಿನ ಬಿಳಿ ಕ್ಯಾನ್ವಾಸ್ ಎಲ್ಲವೂ ಕೆಂಪಾಗುತ್ತವೆ. ಯುದ್ಧದಲ್ಲಿ ಒಂದು ಕೈ, ಒಂದು ಕಾಲು ಕಳೆದುಕೊಂಡಿದ್ದ ಅವನು ತನ್ನ ಊರುಗೋಲಿನಿಂದ ಕಿಟಕಿಯಾಚೆಯ ಬಟ್ಟೆಯನ್ನು ಹರಿಯುತ್ತಾನೆ. ಅವನಿಗೆ ಬೇಕಾಗಿದ್ದದ್ದು ಚಿತ್ರ ಬರೆಯಲು ಸಾಲುವಷ್ಟು ಹಗಲಿನ ಬೆಳಕು ಮಾತ್ರ.