ಅರಸನ ಆಶ್ರಯದಲ್ಲಿ: ನಾರ್ಮನ್ ಸಿಸಿಲಿಯ ಮುಸ್ಲಿಮರು

ಮಧ್ಯಯುಗದಲ್ಲಿ ಕ್ರೈಸ್ತರೂ ಮುಸ್ಲಿಮರೂ ಎದುರುಬದುರಾದ ಸಂಗತಿಯನ್ನು ಕುರಿತು ಮಾತು ಬಂದಾಗ ನಮ್ಮ ಮನಸ್ಸು ಮೊದಲು ಜೆರುಸಲೇಮಿನ ಕಡೆಗೇ ಹರಿಯುತ್ತದೆ. 1099ರಲ್ಲಿ ಕ್ರೂಸೇಡಿನ ಸೇನೆ ಆ ನಗರವನ್ನು ಹಿಡಿದದ್ದು, 1187ರಲ್ಲಿ ಸಲಾದೀನನು ಅದನ್ನು ಮರಳಿ ಪಡೆದದ್ದು ಎಲ್ಲರೂ ಬಲ್ಲ ಕಥೆ. ಅದೇ ಕಾಲದಲ್ಲಿ ಮೆಡಿಟರೇನಿಯನ್ ಸಮುದ್ರದ ನಡುವಿನ ಸಿಸಿಲಿ ದ್ವೀಪದಲ್ಲಿ ಕ್ರೈಸ್ತ ಅರಸನೊಬ್ಬ ತನ್ನ ನಾಣ್ಯಗಳ ಮೇಲೆ ಅರಬ್ಬಿ ಅಕ್ಷರಗಳನ್ನೂ ಹಿಜರಿ ವರ್ಷವನ್ನೂ ಅಚ್ಚೊತ್ತಿಸುತ್ತಿದ್ದ. ಇದನ್ನು ಸಾಮರಸ್ಯದ ಸುವರ್ಣಯುಗವೆಂದು ಕೊಂಡಾಡುವವರು ಇಂದು ಹಲವರಿದ್ದಾರೆ. ಆ ಹೊಗಳಿಕೆಯನ್ನು ಒಪ್ಪಿಕೊಳ್ಳುವ ಮೊದಲು ಆ ಬಾಳ್ವೆ ಯಾವ ಆಧಾರದ ಮೇಲೆ ನಿಂತಿತ್ತು ಎಂಬುದನ್ನು ನಾವು ಕೇಳಿಕೊಳ್ಳಬೇಕಾಗಿದೆ.

ಸಿಸಿಲಿಯು 827ರವರೆಗೆ ಬೈಜಾಂಟಿಯಮ್ ಸಾಮ್ರಾಜ್ಯದ ಭಾಗವಾಗಿತ್ತು. ಆ ವರ್ಷ ಉತ್ತರ ಆಫ್ರಿಕಾದಿಂದ ಬಂದಿಳಿದ ಅರಬ್ ಸೇನೆ 831ರಲ್ಲಿ ಪಲೆರ್ಮೊ ನಗರವನ್ನು ಗೆದ್ದಿತು. ಮುಂದಿನ ಎರಡು ಶತಮಾನಗಳಲ್ಲಿ ದ್ವೀಪದ ಪಶ್ಚಿಮ ಭಾಗ ಬಹುಮಟ್ಟಿಗೆ ಮುಸ್ಲಿಮವಾಯಿತು. ಈಶಾನ್ಯದಲ್ಲಿ ಗ್ರೀಕ್ ಕ್ರೈಸ್ತರು ಉಳಿದುಕೊಂಡರು. ಹನ್ನೊಂದನೆಯ ಶತಮಾನದ ನಡುವೆ ಅಮೀರರಲ್ಲಿ ಒಳಜಗಳ ಹುಟ್ಟಿ, ಅವರಲ್ಲೊಬ್ಬನಾದ ಇಬ್ನ್ ಅಲ್-ಸುಮ್ನಾ ದಕ್ಷಿಣ ಇಟಲಿಯಲ್ಲಿದ್ದ ನಾರ್ಮನ್ನರ ನೆರವನ್ನು ಬೇಡಿದ. ನೆರವಿಗೆಂದು ಬಂದವರು ಒಡೆಯರಾಗಿ ನಿಂತರು. 1061ರಲ್ಲಿ ಮೆಸ್ಸೀನಾ, 1072ರಲ್ಲಿ ಪಲೆರ್ಮೊ, 1091ರಲ್ಲಿ ನೋಟೊ ಅವರ ವಶವಾದವು.

ಗೆದ್ದ ನಾರ್ಮನ್ನರು ಸಂಖ್ಯೆಯಲ್ಲಿ ಅಲ್ಪರು. ಹೊಲವನ್ನು ಉಳುವವರೂ ನೀರಾವರಿಯನ್ನು ಬಲ್ಲವರೂ ಕಂದಾಯದ ಲೆಕ್ಕವನ್ನು ಅರಿತವರೂ ಮುಸ್ಲಿಮರು ಮತ್ತು ಗ್ರೀಕರು. ಇವರನ್ನು ಓಡಿಸಿದರೆ ಬರಿಯ ನೆಲ ಉಳಿಯುತ್ತಿತ್ತು. ಆದ್ದರಿಂದ ಕೌಂಟ್ ರೋಜರ್ ಅವರನ್ನು ಉಳಿಸಿಕೊಂಡ. ತನ್ನ ಸೇನೆಯಲ್ಲಿಯೂ ಮುಸ್ಲಿಮರನ್ನು ಸೇರಿಸಿಕೊಂಡ. 1098ರಲ್ಲಿ ಕಾಪುವಾ ನಗರದ ಮುತ್ತಿಗೆಯ ವೇಳೆ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ಅನ್ಸೆಲ್ಮ್ ಅಲ್ಲಿಗೆ ಬಂದಿದ್ದರು. ಅವರ ಚರಿತೆಯನ್ನು ಬರೆದ ಈಡ್ಮರ್ ಹೇಳುವಂತೆ, ರೋಜರನ ಮುಸ್ಲಿಂ ಸೈನಿಕರಲ್ಲಿ ಅನೇಕರು ಅನ್ಸೆಲ್ಮರ ಮಾತಿಗೆ ಒಲಿದರೂ ಮತಾಂತರಗೊಳ್ಳಲು ಅಂಜಿದರು, ಏಕೆಂದರೆ ಅದನ್ನು ಕೌಂಟನೇ ಸಹಿಸುತ್ತಿರಲಿಲ್ಲ. ಕ್ರೈಸ್ತ ಒಡೆಯನೊಬ್ಬ ತನ್ನ ಜನ ಕ್ರೈಸ್ತರಾಗುವುದನ್ನು ತಡೆದ ಈ ಪ್ರಸಂಗವನ್ನು ಔದಾರ್ಯವೆಂದು ಕರೆಯುವುದು ಕಷ್ಟ. ಧರ್ಮ ಬೇರೆಯಾಗಿದ್ದಷ್ಟು ಕಾಲ ಆ ಸೈನಿಕರಿಗೆ ಕೌಂಟನ ಹೊರತು ಬೇರೆ ದಿಕ್ಕಿರಲಿಲ್ಲ.

ಆತನ ಮಗ ಎರಡನೆಯ ರೋಜರ್ 1130ರ ಕ್ರಿಸ್‌ಮಸ್ ದಿನ ಪಲೆರ್ಮೊದಲ್ಲಿ ಅರಸನಾಗಿ ಪಟ್ಟವೇರಿದ. ಅವನ ಆಸ್ಥಾನದ ವೈಭವ ಕಲ್ಪನೆಯ ಮಾತಲ್ಲ. ಅವನಿಗಾಗಿ ಅರಮನೆಯ ಕಾರ್ಖಾನೆಯಲ್ಲಿ ಸಿದ್ಧವಾದ ಕೆಂಪು ರೇಷ್ಮೆಯ ನಿಲುವಂಗಿಯ ಮೇಲೆ ಒಂಟೆಯನ್ನು ಮೆಟ್ಟಿ ನಿಂತ ಸಿಂಹಗಳಿವೆ. ಅಂಚಿನಲ್ಲಿ ಹಿಜರಿ 528 ಎಂಬ ಕಾಲವನ್ನು ಹೇಳುವ ಅರಬ್ಬಿ ಬರಹವಿದೆ. ಅರಮನೆಯ ಪ್ರಾರ್ಥನಾಮಂದಿರದ ಗೋಡೆಗಳಿಗೆ ಬೈಜಾಂಟೈನ್ ಶೈಲಿಯ ಮೊಸಾಯಿಕ್, ಮೇಲ್ಛಾವಣಿಗೆ ಇಸ್ಲಾಮೀ ಶೈಲಿಯ ಮರದ ಕೆತ್ತನೆ ಮತ್ತು ಚಿತ್ರಗಳು. ಭೂಗೋಳ ವಿದ್ವಾಂಸನಾದ ಅಲ್-ಇದ್ರೀಸಿ ಈ ಅರಸನ ಪ್ರೋತ್ಸಾಹದಿಂದ 70 ನಕಾಶೆಗಳುಳ್ಳ ಮಹಾಗ್ರಂಥವನ್ನು 1154ರಲ್ಲಿ ಪೂರೈಸಿದ. ಕಂದಾಯದ ಇಲಾಖೆಗೆ ಇದ್ದ ಹೆಸರು ದಿವಾನ್. ಮೈಸೂರಿನ ದಿವಾನರ ಮೂಲಕ ನಮಗೆ ಪರಿಚಿತವಾದ ಪದವೇ ಅದು. ಇಟಲಿಯಲ್ಲಿ ಸುಂಕದ ಕಟ್ಟೆಯನ್ನು ಇಂದಿಗೂ ಕರೆಯುವ ‘ದೊಗಾನಾ’ ಎಂಬ ಮಾತೂ ಆ ಮೂಲದ್ದೇ.

ಅದೇ ನಗರದಲ್ಲಿ ಗ್ರಿಸಾಂದುಸ್ ಎಂಬ ಪಾದ್ರಿ ತನ್ನ ತಾಯಿ ಅನ್ನಾಳ ನೆನಪಿಗೆ 1149ರಲ್ಲಿ ಒಂದು ಸಮಾಧಿಲೇಖವನ್ನು ಕೆತ್ತಿಸಿದ. ಅದು ಲ್ಯಾಟಿನ್, ಗ್ರೀಕ್, ಅರಬ್ಬಿ ಮತ್ತು ಹೀಬ್ರೂ ಲಿಪಿಯಲ್ಲಿ ಬರೆದ ಅರಬ್ಬಿ, ಹೀಗೆ ನಾಲ್ಕು ಬಗೆಯಲ್ಲಿದೆ. ನಾಲ್ಕು ಭಾಷೆಗಳ ನಗರಗಳಲ್ಲಿ ಬಾಳುವ ನಮಗೆ ಈ ಕಲ್ಲು ಹತ್ತಿರದ್ದೆನಿಸುತ್ತದೆ. ಆದರೆ ಲಿಪಿಗಳು ಒಂದೇ ಕಲ್ಲಿನ ಮೇಲೆ ಕೂಡಿದ್ದ ಮಾತ್ರಕ್ಕೆ ಆ ಲಿಪಿಗಳ ಜನರೆಲ್ಲ ಸಮಾನರಾಗಿದ್ದರೆನ್ನಲಾಗದು. ಹಿಂದೆ ಕ್ರೈಸ್ತರೂ ಯಹೂದಿಗಳೂ ಮುಸ್ಲಿಂ ಅಮೀರರಿಗೆ ಸಲ್ಲಿಸುತ್ತಿದ್ದ ಜಿಜಿಯಾ ತೆರಿಗೆಯನ್ನು ಈಗ ಮುಸ್ಲಿಮರು ನಾರ್ಮನ್ ಅರಸನಿಗೆ ಸಲ್ಲಿಸುತ್ತಿದ್ದರು. ಎರಡನೆಯ ವಿಲಿಯಂ ಮೊನ್ರಿಯಾಲೆಯ ಮಠಕ್ಕೆ ಪಶ್ಚಿಮ ಸಿಸಿಲಿಯ ವಿಸ್ತಾರವಾದ ಭೂಮಿಯನ್ನು ದಾನವಿತ್ತಾಗ, ನಮ್ಮ ಶಾಸನಗಳು ಚತುಸ್ಸೀಮೆಯನ್ನು ಹೇಳುವಂತೆ ಅದರ ಎಲ್ಲೆಗಳನ್ನು ಲ್ಯಾಟಿನ್ ಮತ್ತು ಅರಬ್ಬಿಯಲ್ಲಿ ಬರೆಸಿದ. ಭೂಮಿಯ ಜೊತೆಗೆ ಅದನ್ನು ಉಳುವ ಮುಸ್ಲಿಂ ಕುಟುಂಬಗಳ ಹೆಸರುಪಟ್ಟಿಯೂ ಮಠಕ್ಕೆ ಸಂದಿತು.

ಈ ವಿಲಿಯಮನ ಕಾಲದ ಸಿಸಿಲಿಯನ್ನು ಕಣ್ಣಾರೆ ಕಂಡು ಬರೆದವನು ಆಂದಲೂಸಿಯಾದ ಇಬ್ನ್ ಜುಬೈರ್. ಹಜ್ ಮುಗಿಸಿ ಜಿನೋವಾದವರ ಹಡಗಿನಲ್ಲಿ ಮರಳುತ್ತಿದ್ದ ಅವನು 1184ರ ಡಿಸೆಂಬರಿನಲ್ಲಿ ಮೆಸ್ಸೀನಾದ ಬಳಿ ನೌಕಾಘಾತಕ್ಕೆ ಸಿಲುಕಿದ. ದಡ ಸೇರಿಸುವ ದೋಣಿಯವರು ಹಣ ಕೇಳಿದರು. ಬಡ ಮುಸ್ಲಿಂ ಯಾತ್ರಿಕರ ಬಳಿ ಹಣವಿರಲಿಲ್ಲ. ಆಗ ಅಲ್ಲಿಯೇ ಇದ್ದ ಅರಸ ತನ್ನ ಕೈಯಿಂದ ಹಣ ಕೊಡಿಸಿ ಅವರನ್ನು ಉಳಿಸಿದ. ಅರಸನಿಗೆ ಅರಬ್ಬಿ ಓದುಬರಹ ಬಲ್ಲದೆಂದೂ ಅವನ ಅರಮನೆಯ ಸೇವಕರಲ್ಲಿ ಹಲವರು ಮುಸ್ಲಿಮರೆಂದೂ ಇಬ್ನ್ ಜುಬೈರ್ ಮೆಚ್ಚಿ ಬರೆಯುತ್ತಾನೆ. ಅದೇ ಬರಹದಲ್ಲಿ ಮತ್ತೊಂದು ಮುಖವೂ ಇದೆ. ಮೆಸ್ಸೀನಾದಲ್ಲಿ ಅಬ್ದುಲ್ ಮಸೀಹ್ ಎಂಬ ಆಸ್ಥಾನಿಕ ಸುತ್ತಲಿನವರನ್ನು ಹೊರಗೆ ಕಳುಹಿಸಿದ ಮೇಲೆಯೇ ಬಾಯಿಬಿಟ್ಟು, ನಿಮಗೆ ನಿಮ್ಮ ಧರ್ಮವನ್ನು ಬಹಿರಂಗವಾಗಿ ತೋರುವ ಭಾಗ್ಯವಿದೆ, ನಮಗೆ ಅದನ್ನು ಮುಚ್ಚಿಟ್ಟುಕೊಳ್ಳುವ ಗತಿ ಬಂದಿದೆ ಎಂಬ ಅರ್ಥದಲ್ಲಿ ಹೇಳಿಕೊಂಡ. ಪಲೆರ್ಮೊದಲ್ಲಿ ಮಸೀದಿಗಳಿದ್ದವು, ಖಾಜಿಯಿದ್ದ. ಆದರೆ ಶುಕ್ರವಾರದ ಪ್ರವಚನಕ್ಕೆ ನಿಷೇಧವಿತ್ತು.

ತ್ರಾಪಾನಿಯಲ್ಲಿ ಅವನು ಕೇಳಿದ ಸಂಗತಿ ಇನ್ನೂ ಕಠಿಣವಾದುದು. ಮನೆಯಲ್ಲಿ ತಂದೆ ಮಗನ ಮೇಲೆ ಮುನಿದರೆ, ತಾಯಿ ಮಗಳನ್ನು ಗದರಿದರೆ, ಆ ಮಕ್ಕಳು ಸಿಟ್ಟಿನಿಂದ ಚರ್ಚಿಗೆ ಓಡಿ ದೀಕ್ಷಾಸ್ನಾನ ಪಡೆಯಬಹುದಿತ್ತು. ಬಳಿಕ ಹೆತ್ತವರಿಗೆ ಅವರ ಮೇಲೆ ಹಕ್ಕಿರಲಿಲ್ಲ. ಆದ್ದರಿಂದ ಹೆತ್ತವರು ಮಕ್ಕಳಿಗೆ ಅಂಜಿ ನಡೆಯುತ್ತಿದ್ದರು. ಅಲ್ಲಿಯ ಗಣ್ಯನೊಬ್ಬ ಯಾತ್ರಿಕರಲ್ಲೊಬ್ಬನ ಬಳಿಗೆ ತನ್ನ ಮಗನನ್ನು ಕಳುಹಿಸಿ, ತನ್ನ ಎಳೆಯ ಮಗಳನ್ನು ಕರೆದೊಯ್ದು ತಾನೇ ವರಿಸಬೇಕು, ಇಲ್ಲವೇ ತನ್ನ ನಾಡಿನಲ್ಲಿ ಯಾರಿಗಾದರೂ ಮದುವೆ ಮಾಡಿಸಬೇಕೆಂದು ಬೇಡಿಕೊಂಡ. ಅಪರಿಚಿತನ ಕೈಗೆ ಮಗಳನ್ನು ಒಪ್ಪಿಸಿ ಕಡಲಾಚೆಗೆ ಕಳುಹಿಸುವುದೇ ಕ್ಷೇಮವೆಂದು ಆ ತಂದೆಗೆ ತೋರಿತ್ತು. ಆ ಕಾಲದ ಸಾಮರಸ್ಯವನ್ನು ಅಳೆಯಬೇಕಾದದ್ದು ಅರಸನ ನಿಲುವಂಗಿಯಿಂದಲೋ ಈ ತಂದೆಯ ಮನಸ್ಸಿನಿಂದಲೋ ಎಂಬುದೇ ನಮ್ಮ ಮುಂದಿರುವ ಪ್ರಶ್ನೆ.

ಅರಸನ ಆಶ್ರಯ ಎಷ್ಟು ದುರ್ಬಲವೆಂಬುದಕ್ಕೆ ಸೂಚನೆಗಳು ಮೊದಲೇ ಕಂಡಿದ್ದವು. 1153ರಲ್ಲಿ ಬೋನಾ ಪಟ್ಟಣವನ್ನು ಗೆದ್ದು ಬಂದ ನೌಕಾಧಿಪತಿ ಫಿಲಿಪ್, ಗುಟ್ಟಾಗಿ ಮುಸ್ಲಿಮನೆಂಬ ಆರೋಪಕ್ಕೆ ಗುರಿಯಾಗಿ ಎರಡನೆಯ ರೋಜರನ ಆಳ್ವಿಕೆಯಲ್ಲೇ ಬೆಂಕಿಗೆ ಆಹುತಿಯಾದ. 1161ರ ದಂಗೆಯಲ್ಲಿ ಅರಸ ಸೆರೆಯಾದೊಡನೆ ಪಲೆರ್ಮೊದಲ್ಲಿ ಮುಸ್ಲಿಮರ ಕೊಲೆ ನಡೆಯಿತು. 1189ರಲ್ಲಿ ಎರಡನೆಯ ವಿಲಿಯಂ ಮಕ್ಕಳಿಲ್ಲದೆ ತೀರಿಕೊಂಡಾಗ ನಗರದಲ್ಲಿ ಮತ್ತೆ ಹಲ್ಲೆಗಳಾಗಿ ಮುಸ್ಲಿಮರು ಪಶ್ಚಿಮದ ಬೆಟ್ಟಗಳಿಗೆ ಓಡಿದರು. ಅಲ್ಲಿ ದಂಗೆಯೆದ್ದವರನ್ನು 1220ರ ದಶಕದಲ್ಲಿ ಸದೆಬಡಿದವನು, ಅರಬ್ಬಿ ವಿದ್ಯೆಯ ಅಭಿಮಾನಿಯೆಂದು ಹೆಸರಾದ ಎರಡನೆಯ ಫ್ರೆಡರಿಕ್. ಅವನು ಅವರನ್ನು ದಕ್ಷಿಣ ಇಟಲಿಯ ಲುಚೇರಾ ಎಂಬ ಊರಿಗೆ ಸಾಗಿಸಿ, ಅಲ್ಲಿ ಮಸೀದಿಗೆ ಅವಕಾಶ ಕೊಟ್ಟು, ಅವರನ್ನು ತನ್ನ ಬಿಲ್ಲುಗಾರರನ್ನಾಗಿ ಮಾಡಿಕೊಂಡ. 1300ರಲ್ಲಿ ಆಂಜೂ ವಂಶದ ಎರಡನೆಯ ಚಾರ್ಲ್ಸ್ ಆ ಊರನ್ನು ಬರಿದುಮಾಡಿ ನಿವಾಸಿಗಳನ್ನು ಗುಲಾಮರಾಗಿ ಮಾರಿಸಿದ. ಮುಸ್ಲಿಂ ಸಿಸಿಲಿಯ ಕಥೆ ಅಲ್ಲಿಗೆ ಮುಗಿಯಿತು.

ಕಾಲ್ತಾನಿಸೆತ್ತಾ, ಮಾರ್ಸಾಲಾ ಮೊದಲಾದ ಊರುಗಳ ಹೆಸರುಗಳಲ್ಲಿ ಅರಬ್ಬಿಯ ಕೋಟೆ, ರೇವುಗಳು ಅಡಗಿವೆ. ನೆರೆಯ ಮಾಲ್ಟಾದ ಜನ ಆಡುವ ಭಾಷೆ ಸಿಸಿಲಿಯ ಅರಬ್ಬಿಯಿಂದಲೇ ಬೆಳೆದದ್ದು. ರೋಜರನ ನಿಲುವಂಗಿ ಪವಿತ್ರ ರೋಮನ್ ಚಕ್ರವರ್ತಿಗಳ ಪಟ್ಟಾಭಿಷೇಕದ ಉಡುಪಾಗಿ ಬಳಕೆಯಾಗಿ ಈಗ ವಿಯೆನ್ನಾದಲ್ಲಿದೆ. ಪಲೆರ್ಮೊದ ಆಸ್ಥಾನ ವಿದ್ವಾಂಸನನ್ನೂ ಶಿಲ್ಪಿಯನ್ನೂ ಗುಮಾಸ್ತನನ್ನೂ ಆದರಿಸಿತು, ಅದು ಸುಳ್ಳಲ್ಲ. ಆದರೆ ಆ ಆದರ ಅರಸನ ಅಗತ್ಯದಿಂದ ಹುಟ್ಟಿ, ಅಗತ್ಯ ತೀರಿದಾಗ ಕರಗಿತು. ಅದನ್ನು ತಮ್ಮ ಹಕ್ಕೆಂದು ಕೇಳುವ ನೆಲೆ ಆ ಜನರಿಗೆ ಎಂದೂ ದೊರೆಯಲಿಲ್ಲ. ಸಹಬಾಳ್ವೆಯ ಕಥೆಗಳನ್ನು ನಾವು ಓದುವಾಗ ಆಸ್ಥಾನದ ವೈಭವದ ಜೊತೆಗೆ ತ್ರಾಪಾನಿಯ ಆ ತಂದೆಯನ್ನೂ ನೆನೆಯುವುದು ಒಳ್ಳೆಯದು.