ಕಾರಿನ ಹಿಂದಿನ ಬ್ರೇಕ್ ಪ್ಯಾಡ್: ಮನೆಯಲ್ಲೇ ಬದಲಿಸುವ ವಿಧಾನ

ಕಾರಿನ ಹಿಂದಿನ ಚಕ್ರಗಳ ಬ್ರೇಕ್ ಪ್ಯಾಡ್ ಸವೆದಾಗ ಅವುಗಳನ್ನು ಮನೆಯಂಗಳದಲ್ಲೇ ಬದಲಿಸಬಹುದು. ಸಲಕರಣೆ ಸರಿಯಾಗಿದ್ದರೆ ಮೊದಲ ಸಲ ಮಾಡುವವರಿಗೆ ಎರಡೂ ಚಕ್ರಕ್ಕೆ ಸೇರಿ ಅರ್ಧ ದಿನ ಹಿಡಿದೀತು. ಆದರೆ ಮುಂದಿನ ಚಕ್ರದ ಪ್ಯಾಡ್ ಹಾಕಿ ಅಭ್ಯಾಸವಿರುವವರೂ ಹಿಂದಿನದರಲ್ಲಿ ಎಡವುವುದುಂಟು. ಕಾರಣ, ಹೆಚ್ಚಿನ ಕಾರುಗಳಲ್ಲಿ ಹ್ಯಾಂಡ್ ಬ್ರೇಕ್ ಹಿಡಿಯುವುದು ಹಿಂದಿನ ಚಕ್ರಗಳನ್ನು. ಅದರ ಕೆಲಸವೂ ಇದೇ ಕ್ಯಾಲಿಪರಿನೊಳಗೆ ಸೇರಿರುವುದರಿಂದ ಇಲ್ಲಿ ಬಿಚ್ಚುವ, ಒತ್ತುವ ಕ್ರಮ ಬೇರೆ.

ಗಡಿನಾಡಿನ ಅನೇಕರಿಗೆ ಘಾಟಿ ಇಳಿಯುವುದು ನಿತ್ಯದ ಮಾತು. ಸತ್ಯಮಂಗಲಕ್ಕೂ ತಾಳವಾಡಿಗೂ ನಡುವಿನ ದಿಂಬಂ ಘಾಟಿಯಲ್ಲಿ 27 ಹೇರ್‌ಪಿನ್ ತಿರುವುಗಳಿವೆ. ಊಟಿಯಿಂದ ಮಸಿನಗುಡಿಗೆ ಇಳಿಯುವ ಕಲ್ಹಟ್ಟಿ ದಾರಿಯಲ್ಲಿ 36, ವಯನಾಡಿನಿಂದ ಕಲ್ಲಿಕೋಟೆ ಕಡೆಗೆ ಇಳಿಯುವ ತಾಮರಶ್ಶೇರಿ ಚುರದಲ್ಲಿ 9. ಇಂತಹ ರಸ್ತೆಯಲ್ಲಿ ಸವೆದ ಪ್ಯಾಡ್ ಇಟ್ಟುಕೊಂಡು ಹೋಗುವುದು ಎಷ್ಟು ಅಪಾಯವೋ, ತಪ್ಪಾಗಿ ಹಾಕಿದ ಹೊಸ ಪ್ಯಾಡ್ ಕೂಡ ಅಷ್ಟೇ ಅಪಾಯ.

ಪ್ಯಾಡೋ, ಶೂವೋ?

ಮೊದಲು ತಿಳಿಯಬೇಕಾದದ್ದು ಇದು. ಮಾರುತಿ 800, ಆಲ್ಟೊ, ವ್ಯಾಗನ್ ಆರ್, ಸ್ಯಾಂಟ್ರೊ, ಇಂಡಿಕಾ ಮುಂತಾದ ಚಿಕ್ಕ ಕಾರುಗಳಲ್ಲಿ ಹಿಂದೆ ಇರುವುದು ಡ್ರಮ್ ಬ್ರೇಕ್. ಅದರೊಳಗೆ ಪ್ಯಾಡ್ ಇಲ್ಲ. ಅರ್ಧಚಂದ್ರಾಕಾರದ ಎರಡು ಶೂಗಳಿರುತ್ತವೆ. ಇದನ್ನೇ ಗ್ಯಾರೇಜುಗಳಲ್ಲಿ ಲೈನರ್ ಎನ್ನುವುದು. ಹೋಂಡಾ ಸಿವಿಕ್, ಟೊಯೊಟಾ ಕೊರೊಲಾ ಆಲ್ಟಿಸ್, ಸ್ಕೋಡಾ ಆಕ್ಟೇವಿಯಾದಂತಹ ಕಾರುಗಳಲ್ಲಿ ಹಿಂದೆಯೂ ಡಿಸ್ಕ್ ಇದೆ. ಚಕ್ರದ ಸಂದಿನಿಂದ ನೋಡಿದಾಗ ಹೊಳೆಯುವ ತಟ್ಟೆ ಕಂಡರೆ ಅದು ಡಿಸ್ಕ್. ಮುಚ್ಚಿದ ಡಬರಿಯಂತೆ ಕಂಡರೆ ಡ್ರಮ್. ಇಲ್ಲಿ ಮುಖ್ಯವಾಗಿ ಹೇಳಿರುವುದು ಡಿಸ್ಕ್ ಇರುವ ಕಾರಿನ ವಿಷಯ. ಡ್ರಮ್ ಬಗ್ಗೆ ಕೊನೆಯಲ್ಲಿ ಚುಟುಕಾಗಿ ತಿಳಿಸಿದೆ.

ಸವೆದಿದೆ ಎಂದು ತಿಳಿಯುವುದು ಹೇಗೆ?

ಹೊಸ ಪ್ಯಾಡಿನ ಉಜ್ಜುವ ಭಾಗ ಸಾಮಾನ್ಯವಾಗಿ 8ರಿಂದ 10 ಮಿ.ಮೀ. ದಪ್ಪ ಇರುತ್ತದೆ. 3 ಮಿ.ಮೀ.ಗೆ ಇಳಿದರೆ ಬದಲಿಸುವುದು ಒಳ್ಳೆಯದು. ಅನೇಕ ಪ್ಯಾಡ್‌ಗಳಲ್ಲಿ ಒಂದು ಚಿಕ್ಕ ತಗಡಿನ ನಾಲಿಗೆ ಇರುತ್ತದೆ. ಪ್ಯಾಡ್ ತೆಳುವಾದಾಗ ಅದು ಡಿಸ್ಕಿಗೆ ತಾಗಿ ಕೀಂ ಎಂದು ಸದ್ದು ಮಾಡುತ್ತದೆ. ಗರಗರ ಸದ್ದು ಬಂದರೆ ಲೋಹಕ್ಕೆ ಲೋಹ ಉಜ್ಜುತ್ತಿದೆ ಎಂದರ್ಥ. ಆಮೇಲೆ ಡಿಸ್ಕ್ ಕೂಡ ಹಾಳಾಗುತ್ತದೆ.

ಬ್ರೇಕ್ ಹಿಡಿದಾಗ ಕಾರಿನ ಭಾರ ಮುಂದಕ್ಕೆ ವಾಲುವುದರಿಂದ ಹೆಚ್ಚಿನ ಕೆಲಸ ಮುಂದಿನ ಬ್ರೇಕಿನದು. ಆದ್ದರಿಂದ ಹಿಂದಿನ ಪ್ಯಾಡ್ ನಿಧಾನವಾಗಿ ಸವೆಯಬೇಕು. ಒಂದು ಬದಿಯ ಪ್ಯಾಡ್ ಮಾತ್ರ ಬೇಗ ಸವೆದಿದ್ದರೆ ಪ್ಯಾಡ್ ಬದಲಿಸಿದರೆ ಸಾಲದು. ಕ್ಯಾಲಿಪರ್ ಜಾರುವ ಪಿನ್ ತುಕ್ಕು ಹಿಡಿದಿರಬಹುದು, ಇಲ್ಲವೇ ಹ್ಯಾಂಡ್ ಬ್ರೇಕ್ ಕೇಬಲ್ ಪೂರ್ತಿ ಬಿಡದೆ ಹಿಡಿದುಕೊಂಡಿರಬಹುದು. ಕಾಸರಗೋಡಿನಂತಹ ಕರಾವಳಿಯಲ್ಲಿ ಉಪ್ಪುಗಾಳಿ ಮತ್ತು ಮಳೆಯಿಂದ, ಸೊಲ್ಲಾಪುರ, ಜತ್ತ ಕಡೆ ಧೂಳಿನಿಂದ ಈ ತೊಂದರೆ ಬರುವುದುಂಟು. ಹೊರಗಿನ ಪ್ಯಾಡ್ ಮಾತ್ರ ನೋಡಿ ಸಮಾಧಾನಪಡಬಾರದು. ಒಳಗಿನದು ಹೆಚ್ಚು ಸವೆದಿರುವ ಸಂಭವ ಇದೆ.

ಅಂಗಡಿಯಲ್ಲಿ ಕೇಳುವಾಗ

ಗಡಿಯ ಯಾವ ಬದಿಯಲ್ಲೂ ಬಿಡಿಭಾಗದ ಹೆಸರು ಒಂದೇ: ಬ್ರೇಕ್ ಪ್ಯಾಡ್, ಡಿಸ್ಕ್, ಲೈನರ್. ಗೊಂದಲವಾಗುವುದು ಹಿಂದು ಮುಂದಿನ ವಿಷಯದಲ್ಲಿ. ಹಿಂದಿನದು ಬೇಕೆಂದು ತಮಿಳಿನಲ್ಲಿ ಕೇಳುವಾಗ ‘ಪಿನ್’, ಮಲಯಾಳದಲ್ಲಿ ‘ಪಿನ್ನಿಲೆ’, ಮರಾಠಿಯಲ್ಲಿ ‘ಮಾಗಚೆ’, ತೆಲುಗಿನಲ್ಲಿ ‘ವೆನಕ’ ಎಂದು ಸ್ಪಷ್ಟವಾಗಿ ಹೇಳಬೇಕು. ಕಾರಿನ ಮಾಡೆಲ್, ತಯಾರಾದ ವರ್ಷ, ಪೆಟ್ರೋಲೋ ಡೀಸೆಲೋ ಎಂಬುದನ್ನು ಬರೆದುಕೊಂಡು ಹೋಗುವುದು ಲೇಸು. ಬಿಲ್ ಪಡೆಯಬೇಕು. ಪ್ಯಾಡ್ ಯಾವಾಗಲೂ ಎಡ, ಬಲ ಎರಡೂ ಚಕ್ರಕ್ಕೆ ಒಟ್ಟಿಗೇ ಹಾಕಬೇಕು. ಒಂದೇ ಬದಿಗೆ ಹಾಕಿದರೆ ಎರಡು ಚಕ್ರಗಳ ಹಿಡಿತದಲ್ಲಿ ವ್ಯತ್ಯಾಸ ಬಂದು ಕಾರು ಒಂದು ಕಡೆಗೆ ಎಳೆಯಬಹುದು.

ಬೇಕಾಗುವ ಸಾಮಾನು

ಜಾಕ್, ಗಟ್ಟಿಯಾದ ಜಾಕ್ ಸ್ಟ್ಯಾಂಡ್, ಚಕ್ರಕ್ಕೆ ಒಡ್ಡಲು ಮರದ ತುಂಡು, ವೀಲ್ ಸ್ಪ್ಯಾನರ್, ಸ್ಪ್ಯಾನರ್ ಸೆಟ್, ಕ್ಯಾಲಿಪರ್ ತೂಗುಹಾಕಲು ತಂತಿ, ಬ್ರೇಕ್ ಕ್ಲೀನರ್, ಬ್ರೇಕಿಗೆಂದೇ ಇರುವ ಗ್ರೀಸ್, ಮುಖಕ್ಕೆ ಮಾಸ್ಕ್, ಕೈಗವಸು. ಇವುಗಳ ಜೊತೆಗೆ ಪಿಸ್ಟನ್ ತಿರುಗಿಸುವ ಟೂಲ್. ಮುಂದಿನ ಬ್ರೇಕಿಗೆ ಸಿ ಕ್ಲ್ಯಾಂಪ್ ಸಾಕಾಗುತ್ತದೆ. ಹಿಂದಿನದಕ್ಕೆ ಹೆಚ್ಚಿನ ಕಾರುಗಳಲ್ಲಿ ಈ ಟೂಲ್ ಇಲ್ಲದೆ ಆಗದು. ಕಾರಿನ ಕೈಪಿಡಿಯೂ ಹತ್ತಿರ ಇರಲಿ.

ಕೆಲಸದ ಕ್ರಮ

1. ಕಾರನ್ನು ಸಮತಟ್ಟಾದ, ಗಟ್ಟಿ ನೆಲದ ಮೇಲೆ ನಿಲ್ಲಿಸಬೇಕು. ಇಳಿಜಾರು ಅಂಗಳ, ಮಳೆಗೆ ನೆಂದ ಮಣ್ಣು ಬೇಡ. ಮುಂದಿನ ಎರಡೂ ಚಕ್ರಗಳಿಗೆ ಹಿಂದೆ ಮುಂದೆ ಮರದ ತುಂಡು ಒಡ್ಡಿ, ಕಾರನ್ನು ಮೊದಲ ಗೇರಿನಲ್ಲಿ ಬಿಡಬೇಕು. ಹ್ಯಾಂಡ್ ಬ್ರೇಕ್ ಮಾತ್ರ ಇಳಿಸಿರಬೇಕು. ಅದು ಮೇಲಿದ್ದರೆ ಪಿಸ್ಟನ್ ಹಿಂದಕ್ಕೆ ಹೋಗುವುದಿಲ್ಲ. ಹ್ಯಾಂಡ್ ಬ್ರೇಕ್ ಇಲ್ಲದ ಕಾರು ಉರುಳುವ ಸಾಧ್ಯತೆ ಇರುವುದರಿಂದಲೇ ಒಡ್ಡುವ ತುಂಡಿಗೆ ಇಷ್ಟು ಮಹತ್ವ.

2. ಚಕ್ರ ನೆಲದ ಮೇಲಿರುವಾಗಲೇ ನಟ್‌ಗಳನ್ನು ಅರ್ಧ ಸುತ್ತು ಸಡಿಲಿಸಬೇಕು. ಕೈಪಿಡಿಯಲ್ಲಿ ತೋರಿಸಿದ ಜಾಗದಲ್ಲಿ ಜಾಕ್ ಕೊಟ್ಟು ಎತ್ತಿ, ಸ್ಟ್ಯಾಂಡ್ ಇಡಬೇಕು. ಇಟ್ಟಿಗೆ, ಸಿಮೆಂಟ್ ಬ್ಲಾಕ್, ಕಲ್ಲುಗಳನ್ನು ಸ್ಟ್ಯಾಂಡಿಗೆ ಬದಲಾಗಿ ಇಡಬಾರದು; ಅವು ಭಾರಕ್ಕೆ ಏಕಾಏಕಿ ಒಡೆಯುತ್ತವೆ. ಬಿಚ್ಚಿದ ಚಕ್ರವನ್ನು ಕಾರಿನಡಿ ಮಲಗಿಸಿದರೆ ಇನ್ನೊಂದು ರಕ್ಷಣೆ.

3. ಒಂದು ಬದಿ ಮುಗಿದ ಮೇಲೆ ಇನ್ನೊಂದು ಬದಿ ಬಿಚ್ಚಬೇಕು. ಯಾವ ಕ್ಲಿಪ್ ಎಲ್ಲಿತ್ತು ಎಂಬ ಸಂಶಯ ಬಂದರೆ ಬಿಚ್ಚದ ಬದಿ ನೋಡಬಹುದು. ಮೊಬೈಲಿನಲ್ಲಿ ಫೋಟೋ ತೆಗೆದಿಟ್ಟುಕೊಂಡರೆ ಇನ್ನೂ ಒಳ್ಳೆಯದು.

4. ಬ್ರೇಕಿನ ಧೂಳನ್ನು ಬಾಯಿಂದಲೋ ಪಂಪಿನಿಂದಲೋ ಊದಬಾರದು. ಹಳೆಯ ಕಾಲದ ಪ್ಯಾಡ್, ಲೈನರ್‌ಗಳಲ್ಲಿ ಆಸ್ಬೆಸ್ಟಾಸ್ ಬಳಸುತ್ತಿದ್ದರು. ಅದರ ಎಳೆಗಳು ಶ್ವಾಸಕೋಶ ಸೇರಿದರೆ ಕ್ಯಾನ್ಸರ್ ಬರಬಹುದು. ಬ್ರೇಕ್ ಕ್ಲೀನರ್ ಇಲ್ಲವೇ ಒದ್ದೆ ಬಟ್ಟೆಯಿಂದ ಒರೆಸಬೇಕು.

5. ಬಾನೆಟ್ ತೆರೆದು ಬ್ರೇಕ್ ಆಯಿಲ್ ಡಬ್ಬಿ ನೋಡಬೇಕು. ಪಿಸ್ಟನ್ ಒಳಗೆ ಹೋದಂತೆ ಆಯಿಲ್ ಮೇಲೇರುತ್ತದೆ. ಡಬ್ಬಿ ತುಂಬಿದ್ದರೆ ಶುಭ್ರವಾದ ಸಿರಿಂಜಿನಿಂದ ಸ್ವಲ್ಪ ತೆಗೆಯಬೇಕು. ಈ ಆಯಿಲ್ ಬಿದ್ದರೆ ಪೇಂಟ್ ಏಳುತ್ತದೆ. ಬಿದ್ದ ಕೂಡಲೇ ನೀರು ಹಾಕಿ ತೊಳೆಯಬೇಕು.

6. ಕ್ಯಾಲಿಪರಿನ ಹಿಂಬದಿಯ ಬೋಲ್ಟ್‌ಗಳನ್ನು ಬಿಚ್ಚಬೇಕು. ಕೆಲವು ಕಾರುಗಳಲ್ಲಿ ಕೆಳಗಿನ ಒಂದು ಬೋಲ್ಟ್ ತೆಗೆದರೆ ಕ್ಯಾಲಿಪರ್ ಮೇಲಕ್ಕೆ ಮಗುಚುತ್ತದೆ. ಪೂರ್ತಿ ಬಿಚ್ಚಿದರೆ ತಂತಿಯಿಂದ ಸ್ಪ್ರಿಂಗಿಗೆ ಕಟ್ಟಬೇಕು. ರಬ್ಬರ್ ಪೈಪಿನ ಮೇಲೆ ಜೋತುಬಿದ್ದರೆ ಪೈಪು ಒಳಗೇ ಬಿರುಕು ಬಿಡಬಹುದು, ಹೊರಗೆ ಕಾಣುವುದಿಲ್ಲ.

7. ಹಳೆಯ ಪ್ಯಾಡ್ ತೆಗೆದ ಮೇಲೆ ಮೂರು ತಪಾಸಣೆ ಆಗಬೇಕು. ಡಿಸ್ಕಿನಲ್ಲಿ ಉಗುರಿಗೆ ಸಿಗುವಷ್ಟು ಆಳದ ಗೀರು, ಬಿರುಕು ಇದೆಯೇ? ಎಷ್ಟು ತೆಳುವಾಗುವವರೆಗೆ ಬಳಸಬಹುದು ಎಂಬ ಅಳತೆಯನ್ನು ಅನೇಕ ಡಿಸ್ಕ್‌ಗಳ ಮೇಲೆಯೇ ಕೊರೆದಿರುತ್ತಾರೆ. ಜಾರುವ ಪಿನ್ ಕೈಯಿಂದ ಸಲೀಸಾಗಿ ಆಡುತ್ತದೆಯೇ? ಬಿಗಿಯಾಗಿದ್ದರೆ ತೆಗೆದು ಒರೆಸಿ ಬ್ರೇಕ್ ಗ್ರೀಸ್ ಹಚ್ಚಬೇಕು. ಬೇರಿಂಗಿನ ಸಾಮಾನ್ಯ ಗ್ರೀಸ್ ಹಚ್ಚಿದರೆ ರಬ್ಬರ್ ಉಬ್ಬಿ ಮತ್ತೆ ಹಿಡಿದುಕೊಳ್ಳುತ್ತದೆ. ಪಿಸ್ಟನ್ ಸುತ್ತ ಒದ್ದೆ ಇದೆಯೇ? ಇದ್ದರೆ ಆಯಿಲ್ ಸೋರುತ್ತಿದೆ. ಕೆಲಸ ಅಲ್ಲಿಗೆ ನಿಲ್ಲಿಸಿ ಮೆಕ್ಯಾನಿಕ್ ಕರೆಯಬೇಕು.

ಪಿಸ್ಟನ್: ತಪ್ಪಾಗುವ ಜಾಗ

ಹೊಸ ಪ್ಯಾಡ್ ದಪ್ಪ. ಅದಕ್ಕೆ ಜಾಗವಾಗಬೇಕಾದರೆ ಪಿಸ್ಟನ್ ಒಳಗೆ ಹೋಗಬೇಕು. ಮುಂದಿನ ಪಿಸ್ಟನ್ ನೇರವಾಗಿ ಒತ್ತಿದರೆ ಹೋಗುತ್ತದೆ. ಹಿಂದಿನ ಪಿಸ್ಟನ್ನಿನ ಒಳಗೆ ಹ್ಯಾಂಡ್ ಬ್ರೇಕಿನ ತಿರುಪು ಇರುತ್ತದೆ. ಪ್ಯಾಡ್ ಸವೆದಂತೆ ಈ ತಿರುಪು ತಾನಾಗಿ ಮುಂದೆ ಬಂದು ಅಂತರವನ್ನು ಸರಿಮಾಡುತ್ತದೆ. ಹಾಗಾಗಿ ಇದನ್ನು ತಿರುಗಿಸುತ್ತಲೇ ಒತ್ತಬೇಕು. ಕ್ಲ್ಯಾಂಪ್ ಹಾಕಿ ಬಲವಂತ ಮಾಡಿದರೆ ಒಳಗಿನ ತಿರುಪು ಕೆಡುತ್ತದೆ. ಆಮೇಲೆ ಕ್ಯಾಲಿಪರನ್ನೇ ಬದಲಿಸಬೇಕಾಗುತ್ತದೆ. ಅದು ಪ್ಯಾಡಿಗಿಂತ ಎಷ್ಟೋ ಪಟ್ಟು ದುಬಾರಿ.

ಹೆಚ್ಚಿನ ಕಾರುಗಳಲ್ಲಿ ಗಡಿಯಾರದ ಮುಳ್ಳು ತಿರುಗುವ ದಿಕ್ಕಿಗೆ ತಿರುಗಿಸಬೇಕು. ಕೆಲವು ಕಾರುಗಳಲ್ಲಿ ಒಂದು ಬದಿಯದು ತಿರುವು ಮುರುವಾಗಿರುತ್ತದೆ. ಪಿಸ್ಟನ್ ಹೊರಗೆ ಬರುತ್ತಿದ್ದರೆ ದಿಕ್ಕು ತಪ್ಪಿದೆ ಎಂದು ತಿಳಿದು ಕೂಡಲೇ ನಿಲ್ಲಿಸಬೇಕು. ತಿರುಗಿಸುವಾಗ ಸುತ್ತಲಿನ ರಬ್ಬರ್ ಬೂಟು ಮುರಿಗೆಯಾಗದಂತೆ ನೋಡಬೇಕು.

ಇನ್ನೊಂದು ಸೂಕ್ಷ್ಮ: ಸಿವಿಕ್, ಆಲ್ಟಿಸ್‌ನಂತಹ ಕಾರುಗಳಲ್ಲಿ ಪಿಸ್ಟನ್ ಮುಖದ ಮೇಲೆ ಕೂಡಿಸುವ ಗುರುತಿನಂತಹ ಗಾಡಿ ಇರುತ್ತದೆ. ಒಳಗಿನ ಪ್ಯಾಡಿನ ಬೆನ್ನಿನಲ್ಲಿರುವ ಗುಬಟು ಆ ಗಾಡಿಯೊಳಗೆ ಕೂರಬೇಕು. ಕೂರದಿದ್ದರೆ ಪ್ಯಾಡ್ ಓರೆಯಾಗಿ ಸವೆಯುತ್ತದೆ, ಹ್ಯಾಂಡ್ ಬ್ರೇಕೂ ಸರಿಯಾಗಿ ಹಿಡಿಯುವುದಿಲ್ಲ.

ಗುಂಡಿ ಒತ್ತಿದರೆ ಹಿಡಿಯುವ ಎಲೆಕ್ಟ್ರಿಕ್ ಪಾರ್ಕಿಂಗ್ ಬ್ರೇಕ್ ಇರುವ ಕಾರಿನಲ್ಲಿ ಈ ಕ್ರಮ ನಡೆಯದು. ಮೊದಲು ಮೋಟರನ್ನು ಸರ್ವಿಸ್ ಸ್ಥಿತಿಗೆ ತರಬೇಕು. ಹಲವು ಕಾರುಗಳಲ್ಲಿ ಅದಕ್ಕೆ ಸ್ಕ್ಯಾನರ್ ಬೇಕು. ಅದನ್ನು ವರ್ಕ್‌ಶಾಪಿಗೆ ಬಿಡುವುದೇ ಸರಿ.

ಹೊಸ ಪ್ಯಾಡ್ ಕೂರಿಸುವುದು

ಹೊಸ ಪ್ಯಾಡ್ ಜೊತೆ ಕ್ಲಿಪ್ ಬಂದಿದ್ದರೆ ಹಳೆಯದನ್ನು ತೆಗೆದು ಹೊಸದನ್ನೇ ಹಾಕಬೇಕು. ಪ್ಯಾಡಿನ ಕಿವಿಗಳು ಕೂರುವ ಜಾಗದ ತುಕ್ಕನ್ನು ತಂತಿ ಬ್ರಷ್‌ನಿಂದ ಉಜ್ಜಿ, ತೆಳುವಾಗಿ ಬ್ರೇಕ್ ಗ್ರೀಸ್ ಹಚ್ಚಬಹುದು. ಉಜ್ಜುವ ಮೈಗೆ, ಡಿಸ್ಕಿಗೆ ಎಣ್ಣೆಗೈ ಕೂಡ ತಾಗಬಾರದು. ಕ್ಯಾಲಿಪರ್ ಬೋಲ್ಟ್‌ಗಳನ್ನು ಕೈಪಿಡಿ ಹೇಳಿದಷ್ಟು ಬಿಗಿ ಮಾಡಬೇಕು. ಆಕ್ಟೇವಿಯಾದಂತಹ ಕೆಲವು ಕಾರುಗಳಲ್ಲಿ ಈ ಬೋಲ್ಟ್‌ಗಳನ್ನೂ ಹೊಸದಾಗಿ ಹಾಕುವ ಪದ್ಧತಿ ಇದೆ. ಚಕ್ರದ ನಟ್‌ಗಳನ್ನು ಎದುರುಬದುರು ಕ್ರಮದಲ್ಲಿ ಹಾಕಿ, ಕಾರು ಇಳಿಸಿದ ಮೇಲೆ ಕೊನೆಯ ಬಿಗಿ ಕೊಡಬೇಕು. ನಂತರ ಇನ್ನೊಂದು ಬದಿ.

ಮೊದಲ ಪೆಡಲ್ ನೆಲ ಮುಟ್ಟುತ್ತದೆ

ಕೆಲಸ ಮುಗಿದ ಖುಷಿಯಲ್ಲಿ ಮರೆಯುವ ಮಾತು ಇದು. ಪಿಸ್ಟನ್ ಒಳಗೆ ಹೋಗಿರುವುದರಿಂದ ಪ್ಯಾಡಿಗೂ ಡಿಸ್ಕಿಗೂ ನಡುವೆ ಸಂದಿ ಇರುತ್ತದೆ. ಆಗ ಪೆಡಲ್ ಒತ್ತಿದರೆ ಹಿಡಿತವಿಲ್ಲದೆ ಕೆಳಗೆ ಹೋಗುತ್ತದೆ. ಸ್ಟಾರ್ಟ್ ಮಾಡಿ ಹಿಂದಕ್ಕೆ ತೆಗೆದರೆ ಕಾರು ನಿಲ್ಲುವುದಿಲ್ಲ. ಅಂಗಳ ರಸ್ತೆಯ ಕಡೆಗೆ ಇಳಿಜಾರಿದ್ದರೆ ಅನಾಹುತವೇ. ಆದ್ದರಿಂದ ಒಡ್ಡಿದ ಮರದ ತುಂಡು ತೆಗೆಯುವ ಮೊದಲು, ಎಂಜಿನ್ ಆಫ್ ಇರುವಾಗಲೇ, ಪೆಡಲ್ ಗಟ್ಟಿಯಾಗುವವರೆಗೆ ನಿಧಾನವಾಗಿ ಹತ್ತಿಪ್ಪತ್ತು ಸಲ ಒತ್ತಬೇಕು. ಬಳಿಕ ಹ್ಯಾಂಡ್ ಬ್ರೇಕನ್ನು ಹಲವು ಸಲ ಎಳೆದು ಬಿಡಬೇಕು. ಎಷ್ಟು ಕಟಕಟಕ್ಕೆ ಹಿಡಿಯಬೇಕೆಂದು ಕೈಪಿಡಿಯಲ್ಲಿರುತ್ತದೆ.

ಬ್ರೇಕ್ ಆಯಿಲ್ ಮಟ್ಟ ಕಡಿಮೆ ಇದ್ದರೆ ಡಬ್ಬಿಯ ಮುಚ್ಚಳದ ಮೇಲೆ ಬರೆದಿರುವ ಡಾಟ್ 3 ಅಥವಾ ಡಾಟ್ 4 ಅನ್ನೇ ಸೇರಿಸಬೇಕು. ಎಂಜಿನ್ ಆಯಿಲ್ ತೊಟ್ಟು ಬಿದ್ದರೂ ಒಳಗಿನ ರಬ್ಬರ್ ಹಾಳಾಗುತ್ತದೆ. ಬ್ರೇಕ್ ಆಯಿಲ್ ಗಾಳಿಯ ತೇವವನ್ನು ಹೀರುತ್ತದೆ. ತೇವ ಸೇರಿದ ಆಯಿಲ್ ಘಾಟಿಯ ಬಿಸಿಗೆ ಬೇಗ ಕುದ್ದು ಪೆಡಲ್ ಮೆತ್ತಗಾಗುತ್ತದೆ. ಅದನ್ನು ಸುಮಾರು ಎರಡು ವರ್ಷಕ್ಕೊಮ್ಮೆ ಬದಲಿಸುವುದು ರೂಢಿ.

ಪರೀಕ್ಷೆ ಮತ್ತು ಮೊದಲ ದಿನಗಳು

ಮೊದಲು ಅಂಗಳದಲ್ಲೇ, ನಂತರ ಖಾಲಿ ರಸ್ತೆಯಲ್ಲಿ ಗಂಟೆಗೆ 20 ಕಿ.ಮೀ. ವೇಗದಲ್ಲಿ ನಿಲ್ಲಿಸಿ ನೋಡಬೇಕು. ಆಮೇಲೆ ಸುಮಾರು 50ರಿಂದ 15 ಕಿ.ಮೀ.ಗೆ ಇಳಿಯುವಂತೆ ಹತ್ತು ಸಲ ಹದವಾಗಿ ಬ್ರೇಕ್ ಹಿಡಿಯಬೇಕು. ನಡುವೆ ತಣಿಯಲು ಬಿಡಬೇಕು. ಇದರಿಂದ ಹೊಸ ಪ್ಯಾಡ್ ಡಿಸ್ಕಿಗೆ ಹೊಂದಿಕೊಳ್ಳುತ್ತದೆ. ಮೊದಲ 200 ಕಿ.ಮೀ.ವರೆಗೆ ಅಗತ್ಯವಿಲ್ಲದೆ ಗಟ್ಟಿ ಬ್ರೇಕ್ ಬೇಡ. ತುಂಬಿದ ಕಾರಿನಲ್ಲಿ ಘಾಟಿ ಇಳಿಯುವುದೂ ಬೇಡ. ನಿಂತ ಮೇಲೆ ಒಂದು ಚಕ್ರದಿಂದ ಮಾತ್ರ ಸುಟ್ಟ ವಾಸನೆ ಬಂದರೆ ಆ ಬದಿ ಬ್ರೇಕ್ ಬಿಡುತ್ತಿಲ್ಲ ಎಂದರ್ಥ.

ಡ್ರಮ್ ಇರುವ ಕಾರಿನವರಿಗೆ

ಶೂ ಬದಲಿಸುವುದು ಪ್ಯಾಡಿಗಿಂತ ತೊಡಕಿನ ಕೆಲಸ. ಸ್ಪ್ರಿಂಗ್‌ಗಳ ಜಾಗ ಅದಲು ಬದಲಾದರೆ ಬ್ರೇಕ್ ಹಿಡಿದುಕೊಳ್ಳುತ್ತದೆ, ಇಲ್ಲವೇ ಹಿಡಿಯುವುದೇ ಇಲ್ಲ. ಸ್ಪ್ರಿಂಗ್ ಸಿಡಿದು ಕಣ್ಣಿಗೆ ಬಡಿಯುವ ಭಯವೂ ಇದೆ. ಕೆಲವು ಚಿಕ್ಕ ಕಾರುಗಳಲ್ಲಿ ಚಕ್ರದ ಬೇರಿಂಗ್ ಡ್ರಮ್ಮಿನಲ್ಲೇ ಇರುತ್ತದೆ. ಮೊದಲ ಸಲ ಬಲ್ಲ ಮೆಕ್ಯಾನಿಕ್ ಮಾಡುವಾಗ ಜೊತೆಗೆ ನಿಂತು ನೋಡಿಕೊಳ್ಳುವುದು ಉತ್ತಮ.

ಯಾವಾಗ ಕೈಬಿಡಬೇಕು?

ಎಷ್ಟು ಒತ್ತಿದರೂ ಪೆಡಲ್ ಗಟ್ಟಿಯಾಗದಿದ್ದರೆ, ಎಲ್ಲಾದರೂ ಆಯಿಲ್ ಸೋರಿದರೆ, ಬೋಲ್ಟಿನ ಮರೆ ಹೋದರೆ, ಪಿಸ್ಟನ್ ತಿರುಗದಿದ್ದರೆ, ಡ್ಯಾಶ್‌ಬೋರ್ಡಿನಲ್ಲಿ ಬ್ರೇಕ್ ದೀಪ ಆರದಿದ್ದರೆ ಕಾರನ್ನು ರಸ್ತೆಗೆ ಇಳಿಸಬಾರದು. ಮೆಕ್ಯಾನಿಕ್ಕನ್ನು ಮನೆಗೇ ಕರೆಸಬೇಕು. ಪ್ಯಾಡ್ ಹೊಸದಾದರೂ ಘಾಟಿಯಲ್ಲಿ ಹಳೆಯ ಚಾಲಕರ ನಿಯಮವೇ ನಿಯಮ: ಯಾವ ಗೇರಿನಲ್ಲಿ ಹತ್ತುತ್ತೇವೋ ಅದೇ ಗೇರಿನಲ್ಲಿ ಇಳಿಯಬೇಕು. ವೇಗ ತಡೆಯುವ ಕೆಲಸವನ್ನು ಎಂಜಿನ್ ಹಂಚಿಕೊಂಡರೆ ಬ್ರೇಕ್ ತಣ್ಣಗಿರುತ್ತದೆ. ಕೊನೆಯ ತಿರುವಿನಲ್ಲೂ ಹಿಡಿಯುತ್ತದೆ.