ಹೆಬ್ಬೆರಳಿಗೆ ಶೇ. 30

1923ರ ಕಾರ್ಮಿಕರ ಪರಿಹಾರ ಕಾಯ್ದೆಗೆ ಒಂದು ಅನುಸೂಚಿ ಇತ್ತು. ಹೆಬ್ಬೆರಳು ಹೋದರೆ ದುಡಿಮೆಯ ಶಕ್ತಿಯಲ್ಲಿ ಶೇ. 30 ನಷ್ಟ, ಎರಡೂ ಕೈ ಹೋದರೆ ಶೇ. 100 ಎಂದು ಅದು ಪಟ್ಟಿ ಮಾಡಿತ್ತು. ಮೊದಲ ಸಲ ಓದಿದಾಗ ನನಗೆ ಅದು ಮಾಂಸದಂಗಡಿಯ ದರಪಟ್ಟಿಯಂತೆ ಕಂಡಿತು. ಆಮೇಲೆ ಅದರ ಅನುಕೂಲವೂ ಅರ್ಥವಾಯಿತು. ಕಾರ್ಖಾನೆಯಲ್ಲಿ ಬೆರಳು ಕಳೆದುಕೊಂಡವನು ತನ್ನ ನೋವಿನ ಬೆಲೆಯನ್ನು ವಾದಿಸಿ ಗೆಲ್ಲಬೇಕಿರಲಿಲ್ಲ. ಪಟ್ಟಿ ನೋಡಿದರೆ ಸಾಕಿತ್ತು.

ರಸ್ತೆಯ ಲೆಕ್ಕ ಅಷ್ಟು ಸಲೀಸಲ್ಲ. ಲಾರಿ ಗುದ್ದುವುದು ವಕೀಲನಿಗೂ ಆಗಬಹುದು, ಕೂಲಿಯವನಿಗೂ ಆಗಬಹುದು, ಶಾಲೆಗೆ ಹೊರಟ ಮಗುವಿಗೂ ಆಗಬಹುದು. 1855ರ ಮಾರಕ ಅಪಘಾತ ಕಾಯ್ದೆ ಸತ್ತವರ ಕುಟುಂಬಕ್ಕಷ್ಟೇ ದಾರಿ ತೋರಿಸಿತ್ತು. ಬದುಕಿ ಉಳಿದ ಗಾಯಾಳು ಸಿವಿಲ್ ದಾವೆ ಹೂಡಿ, ಕೇಳಿದ ಮೊತ್ತಕ್ಕೆ ತಕ್ಕ ಕೋರ್ಟ್ ಶುಲ್ಕ ಕಟ್ಟಿ ಕಾಯಬೇಕಿತ್ತು. 1939ರ ಮೋಟಾರು ವಾಹನ ಕಾಯ್ದೆಗೆ 1956ರಲ್ಲಿ ತಂದ ತಿದ್ದುಪಡಿಯಿಂದ ಪ್ರತ್ಯೇಕ ಕ್ಲೇಮ್ಸ್ ನ್ಯಾಯಮಂಡಳಿಗಳು ಬಂದವು. 1988ರ ಹೊಸ ಕಾಯ್ದೆಯೂ ಅವನ್ನು ಉಳಿಸಿಕೊಂಡಿತು. ಆದರೆ ಎಷ್ಟು ಕೊಡಬೇಕು ಎಂಬುದಕ್ಕೆ ಅದರ 168ನೇ ಕಲಮು ಹೇಳಿದ್ದು ಒಂದೇ ಮಾತು: ನ್ಯಾಯವೆನಿಸುವಷ್ಟು. ಆ ಒಂದು ಮಾತಿಗೆ ಅರ್ಥ ತುಂಬುವ ಕೆಲಸ ನ್ಯಾಯಾಧೀಶರ ಪಾಲಿಗೆ ಬಂತು.

1995ರಲ್ಲಿ, ಅಪಘಾತದಿಂದ ಕಾಲುಗಳ ಸ್ವಾಧೀನ ಕಳೆದುಕೊಂಡ ವಕೀಲರೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ನಷ್ಟವನ್ನು ಎರಡಾಗಿ ವಿಂಗಡಿಸಿತು. ಆಸ್ಪತ್ರೆಯ ಬಿಲ್ಲು, ಔಷಧ, ಹೋದ ಗಳಿಕೆ ಹಣದಲ್ಲಿ ಎಣಿಸಬಹುದಾದವು. ನೋವು, ಆಯುಷ್ಯದ ಕಡಿತ, ನಡೆಯಲು, ಓಡಲು, ಕೂರಲು ಆಗದ ಕೊರಗು ಎಣಿಕೆಗೆ ಸಿಗದವು. ಎರಡನೆಯದರಲ್ಲಿ ಸ್ವಲ್ಪ ಊಹೆ, ಸ್ವಲ್ಪ ಸಹಾನುಭೂತಿ ಬೆರೆಯದೆ ಗತ್ಯಂತರವಿಲ್ಲ ಎಂದು ನ್ಯಾಯಾಲಯವೇ ಒಪ್ಪಿಕೊಂಡಿತು.

ಎಣಿಸಬಹುದಾದ ಭಾಗದಲ್ಲೇ ದೊಡ್ಡ ತೊಡಕು ಇತ್ತು. ವೈದ್ಯರು ಅಂಗವೈಕಲ್ಯಕ್ಕೆ ಒಂದು ಶೇಕಡಾವಾರು ಬರೆದುಕೊಡುತ್ತಾರೆ. ಅದನ್ನೇ ಗಳಿಕೆಯ ನಷ್ಟವೆಂದು ಎತ್ತಿಕೊಂಡರೆ ಮತ್ತೆ ಹೆಬ್ಬೆರಳಿನ ಪಟ್ಟಿಗೇ ಮರಳಿದಂತೆ. ಇದನ್ನು ಬಿಡಿಸಿ ಹೇಳಿದ್ದು 2010ರ ಅಕ್ಟೋಬರಿನ ತೀರ್ಪು. ಬರೆದವರು ಕರ್ನಾಟಕ ಹೈಕೋರ್ಟಿನಲ್ಲಿ ನ್ಯಾಯಮೂರ್ತಿಯಾಗಿದ್ದ ಆರ್.ವಿ. ರವೀಂದ್ರನ್. ಅವರು ಕೊಟ್ಟ ಉದಾಹರಣೆ ಸರಳ: ಎಡಗೈ ಕಡಿದುಹೋದರೆ ಚಾಲಕನ, ಬಡಗಿಯ ದುಡಿಮೆ ಪೂರ್ತಿ ನಿಲ್ಲಬಹುದು, ಸರ್ಕಾರಿ ಗುಮಾಸ್ತನ ಸಂಬಳ ನಿಲ್ಲದೆಯೂ ಇರಬಹುದು. ಗಾಯ ಒಂದೇ, ನಷ್ಟ ಬೇರೆ. ಹಾಗಾಗಿ ಗಾಯಾಳು ಈಗ ಏನು ಮಾಡಬಲ್ಲ, ಮೊದಲು ಏನು ಮಾಡುತ್ತಿದ್ದ, ಇನ್ನು ಮುಂದೆ ಹೇಗೆ ಹೊಟ್ಟೆ ಹೊರೆಯಬಲ್ಲ ಎಂಬುದನ್ನು ನ್ಯಾಯಮಂಡಳಿ ಕೇಳಿ ತಿಳಿಯಬೇಕು.

ಲೆಕ್ಕ ಹಾಕಿ ನೋಡೋಣ. ತಿಂಗಳಿಗೆ 12,000 ರೂಪಾಯಿ ದುಡಿಯುವ 30 ವರ್ಷದ ಬಡಗಿ ಎಂದುಕೊಳ್ಳಿ. 2009ರಲ್ಲಿ ಇದೇ ರವೀಂದ್ರನ್ ಬರೆದ ಇನ್ನೊಂದು ತೀರ್ಪಿನ ಕೋಷ್ಟಕದಂತೆ ಆ ವಯಸ್ಸಿಗೆ ಗುಣಕ 17. ವರ್ಷದ ಆದಾಯವನ್ನು ಅದರಿಂದ ಗುಣಿಸಿದರೆ 24,48,000. ವೈದ್ಯರು ಬರೆದ ಶೇ. 25ನ್ನೇ ಹಿಡಿದರೆ ಕೈಗೆ ಬರುವುದು 6,12,000. ಉಳಿ ಹಿಡಿಯಲಾಗದ ಕಾರಣಕ್ಕೆ ದುಡಿಮೆಯ ನಷ್ಟ ಶೇ. 60 ಎಂದು ಒಪ್ಪಿದರೆ 14,68,800. ಒಂದು ಮನೆಯ ಮಕ್ಕಳ ಓದು ನಿಲ್ಲುವುದೂ ಮುಂದುವರಿಯುವುದೂ ಆ ಅಂತರದಲ್ಲಿದೆ.

ಆದರೆ ಆ 12,000ಕ್ಕೆ ರಶೀದಿ ಎಲ್ಲಿ? ನಮ್ಮಲ್ಲಿ ಬಹುಪಾಲು ಜನಕ್ಕೆ ಸಂಬಳದ ಚೀಟಿಯೇ ಇಲ್ಲ. ಕರ್ನಾಟಕದಿಂದ ಹೋದ ಎರಡು ಮೇಲ್ಮನವಿಗಳು ಇಲ್ಲಿ ಮುಖ್ಯವೆನಿಸುತ್ತವೆ. 2004ರಲ್ಲಿ ಗಾಯಗೊಂಡ ಕೂಲಿ ಕಾರ್ಮಿಕರೊಬ್ಬರು ತಿಂಗಳಿಗೆ 4,500 ಗಳಿಸುತ್ತಿದ್ದೆ ಎಂದರು. ನ್ಯಾಯಮಂಡಳಿ 3,000 ಎಂದಿತು. ಕೂಲಿಯವನು ದಾಖಲೆ ಎಲ್ಲಿಂದ ತರಬೇಕು ಎಂಬ ವಾಸ್ತವವನ್ನು ಮನಗಂಡು 2011ರಲ್ಲಿ ಸುಪ್ರೀಂ ಕೋರ್ಟ್ ಅವರ ಮಾತನ್ನೇ ನಂಬಿತು. ಇನ್ನೊಬ್ಬರು ಕಾಲು ಕಳೆದುಕೊಂಡ 24ರ ತರಕಾರಿ ವ್ಯಾಪಾರಿ. ಒಂದೆಡೆ ಕೂತೂ ತರಕಾರಿ ಮಾರಬಹುದಲ್ಲ ಎಂಬ ಧಾಟಿಯಲ್ಲಿ ಹೈಕೋರ್ಟ್ ನಷ್ಟವನ್ನು ಶೇ. 65ಕ್ಕೆ ಇಳಿಸಿತ್ತು. ಸಗಟು ಮಾರುಕಟ್ಟೆಯಿಂದ ತರಕಾರಿಯನ್ನು ತರುವವರು ಯಾರು ಎಂಬುದು 2014ರ ಸುಪ್ರೀಂ ಕೋರ್ಟ್ ತೀರ್ಪಿನ ತಿರುಳು. ಅದು ಶೇ. 85 ಎಂದು ನಿಗದಿಪಡಿಸಿ, ಆದಾಯವನ್ನು 6,500 ಎಂದು ಹಿಡಿಯಿತು. 2020ರಲ್ಲಿ, ಕೈ ಕಳೆದುಕೊಂಡ ದೆಹಲಿಯ ಡೇಟಾ ಎಂಟ್ರಿ ಆಪರೇಟರ್ ಒಬ್ಬರ ಪ್ರಕರಣದಲ್ಲಿ, ಮುಂದೆ ಹೆಚ್ಚಬಹುದಾಗಿದ್ದ ಆದಾಯವನ್ನು ಗಾಯಾಳುವಿಗೂ ಸೇರಿಸಬೇಕು, ಅದು ಸತ್ತವರ ಪ್ರಕರಣಕ್ಕೆ ಮಾತ್ರ ಸೀಮಿತವಲ್ಲ ಎಂದು ಸ್ಪಷ್ಟವಾಯಿತು.

ಈ ತೀರ್ಪುಗಳನ್ನು ಸಾಲಾಗಿ ಓದಿದರೆ ಕಾಣುವುದು ಕಾನೂನು ದೇಹದಿಂದ ಬದುಕಿನ ಕಡೆಗೆ ನಡೆದುಬಂದ ದಾರಿ. ಆ ದಾರಿ ಎಲ್ಲರನ್ನೂ ಮುಟ್ಟಿಸುವುದಿಲ್ಲ. ತರಕಾರಿ ವ್ಯಾಪಾರಿಯ ಅಪಘಾತ ನಡೆದದ್ದು 2008ರಲ್ಲಿ. ಕೊನೆಯ ತೀರ್ಪು ಬರುವ ಹೊತ್ತಿಗೆ ಆರು ವರ್ಷ ಸಂದಿತ್ತು. ಸುಪ್ರೀಂ ಕೋರ್ಟಿನವರೆಗೆ ಹೋಗಲಾಗದೆ ಮೊದಲ ಮೊತ್ತಕ್ಕೇ ಸಹಿ ಹಾಕಿದವರ ಕಥೆ ಯಾವ ಕಾನೂನು ವರದಿಯಲ್ಲೂ ಅಚ್ಚಾಗುವುದಿಲ್ಲ. ಆದ್ದರಿಂದ ಮಾರುಕಟ್ಟೆಗೆ ಹೇಗೆ ಹೋಗುತ್ತೀಯ, ಮೂಟೆ ಯಾರು ಹೊರುತ್ತಾರೆ ಎಂಬ ಪ್ರಶ್ನೆಯನ್ನು ದೆಹಲಿಯಲ್ಲಲ್ಲ, ತಾಲ್ಲೂಕಿನ ನ್ಯಾಯಮಂಡಳಿಯಲ್ಲೇ, ಮೊದಲ ದಿನವೇ ಕೇಳಬೇಕು.